ಕಂಪ್ಯೂಟರಿಗೊಂದು ಸುಳ್ಳು ಜಾಯ್‌ಸ್ಟಿಕ್

ಮಕ್ಕಳೇ, ಮೈದಾನದಲ್ಲಿ ಪುಟ್ಟ ಮಾದರಿ ವಿಮಾನ ಹಾರಿಸುವವರನ್ನು ನೋಡಿದ್ದೀರಾ? ಅವರ ಕೈಯಲ್ಲಿ ಎರಡು ಕಡ್ಡಿಗಳಿರುವ ರಿಮೋಟ್ ಇರುತ್ತದೆ. ಕಲಿಯುವಾಗ ವಿಮಾನ ಬಿದ್ದು ರೆಕ್ಕೆ ಮುರಿಯುವುದು ಸಾಮಾನ್ಯ. ಅದಕ್ಕೇ ಹೊಸಬರು ಮೊದಲು ಕಂಪ್ಯೂಟರಿನ ಪರದೆಯ ಮೇಲೆ ಹಾರಿಸಿ ಅಭ್ಯಾಸ ಮಾಡುತ್ತಾರೆ. ಆ ತಂತ್ರಾಂಶಕ್ಕೆ ಸಿಮ್ಯುಲೇಟರ್ ಎಂದು ಹೆಸರು.

ಅಭ್ಯಾಸಕ್ಕೂ ನಮ್ಮದೇ ರಿಮೋಟ್ ಇದ್ದರೆ ಎಷ್ಟು ಚೆನ್ನ! ಬೆರಳುಗಳಿಗೆ ಅದೇ ಕಡ್ಡಿ ರೂಢಿಯಾಗುತ್ತದೆ. ಆದರೆ ಸಿಮ್ಯುಲೇಟರಿಗೆ ಗೊತ್ತಿರುವುದು ಆಟದ ಜಾಯ್‌ಸ್ಟಿಕ್. ಹಳೆಯ ರಿಮೋಟಿನ ಪರಿಚಯ ಅದಕ್ಕಿಲ್ಲ.

ರಿಮೋಟ್ ಹೇಗೆ ಮಾತಾಡುತ್ತದೆ ಗೊತ್ತೇ? ಬೆಂಚಿನ ಮೇಲೆ ಒಮ್ಮೆ ಟಕ್ ಎಂದು ಕುಟ್ಟಿ. ಸ್ವಲ್ಪ ತಡೆದು ಮತ್ತೊಮ್ಮೆ ಕುಟ್ಟಿ. ಈ ಎರಡು ಟಕ್‌ಗಳ ನಡುವೆ ಎಷ್ಟು ಹೊತ್ತು ಸುಮ್ಮನಿದ್ದಿರಿ? ಆ ಹೊತ್ತಿನಲ್ಲೇ ಸುದ್ದಿ ಅಡಗಿದೆ! ಕಡ್ಡಿ ಒಂದು ತುದಿಯಲ್ಲಿದ್ದರೆ ಸುಮಾರು 1 ಮಿಲಿಸೆಕೆಂಡ್, ನಡುವಿನಲ್ಲಿದ್ದರೆ ಒಂದೂವರೆ, ಇನ್ನೊಂದು ತುದಿಯಲ್ಲಿದ್ದರೆ 2. ಒಂದು ಸೆಕೆಂಡನ್ನು ಸಾವಿರ ಚೂರು ಮಾಡಿದರೆ ಒಂದು ಚೂರೇ ಮಿಲಿಸೆಕೆಂಡ್. ಎಲ್ಲ ಕಡ್ಡಿಗಳ ಸುದ್ದಿ ಸಾಲಾಗಿ ಬಂದ ಮೇಲೆ ಒಂದು ಉದ್ದ ಬಿಡುವು. ಆಮೇಲೆ ಮತ್ತೆ ಮೊದಲಿನಿಂದ.

ಈ ಟಕ್‌ಟಕ್ ಅನ್ನು ರಿಮೋಟಿನ ಹಿಂದಿನ ತೂತಿನಿಂದ ತಂತಿಯಲ್ಲಿ ತಂದು, ಕಂಪ್ಯೂಟರಿನ ಮೈಕ್ ತೂತಿಗೆ ಸಿಕ್ಕಿಸಬಹುದು. (ತಂತಿ ಸರಿಯಾದದ್ದೇ ಆಗಿರಬೇಕು, ದೊಡ್ಡವರೊಬ್ಬರು ಜೊತೆಗಿರಲಿ.) ನಮ್ಮ ಹಾಡು ಕೇಳಿಸಿಕೊಳ್ಳುವ ಭಾಗವೇ ಇದನ್ನೂ ಕೇಳಿಸಿಕೊಳ್ಳುತ್ತದೆ. ಸಾಮಾನ್ಯವಾಗಿ ಅದು ಸೆಕೆಂಡಿಗೆ 44,100 ಸಲ ಕಿವಿಗೊಡುತ್ತದೆ. ಹಾಗಾಗಿ ಒಂದೇ ಮಿಲಿಸೆಕೆಂಡಿನಲ್ಲಿ 44 ಸಲ! ಕಡ್ಡಿ ಚೂರು ಅಲುಗಿದರೂ ತಿಳಿದುಬಿಡುತ್ತದೆ.

ಸ್ಮಾರ್ಟ್‌ಪ್ರೊಪೊಪ್ಲಸ್ ಎಂಬ ತಂತ್ರಾಂಶ ಆ ಬಿಡುವುಗಳನ್ನು ಅಳೆದು ಅಂಕಿಗಳನ್ನಾಗಿ ಮಾಡುತ್ತದೆ. ಅವನ್ನು ವೀಜಾಯ್ ಎಂಬ ಇನ್ನೊಂದು ತಂತ್ರಾಂಶಕ್ಕೆ ಕೊಡುತ್ತದೆ. ನನಗೆ ತುಂಬ ಇಷ್ಟವಾದ ಭಾಗ ಇದೇ. ಶಾಲೆಯ ನಾಟಕದಲ್ಲಿ ನಿಮ್ಮ ಗೆಳೆಯ ಕಿರೀಟ ಇಟ್ಟುಕೊಂಡು ಬಂದರೆ, ಮಂತ್ರಿಯ ಪಾತ್ರದವನು ಅವನಿಗೇ ಕೈಮುಗಿಯುತ್ತಾನಲ್ಲವೇ? ವೀಜಾಯ್ ಕೂಡ ಜಾಯ್‌ಸ್ಟಿಕ್ಕಿನ ವೇಷ ಹಾಕಿಕೊಳ್ಳುತ್ತದೆ. ಮೇಜಿನ ಮೇಲೆ ಜಾಯ್‌ಸ್ಟಿಕ್ಕೇ ಇಲ್ಲ, ಆದರೂ ಸಿಮ್ಯುಲೇಟರ್ ಅದರ ಮಾತು ಕೇಳುತ್ತದೆ. ಹೀಗೆ ಇನ್ನೊಂದರ ವೇಷ ಹಾಕುವ ತಂತ್ರಾಂಶವೇ ಎಮ್ಯುಲೇಟರ್.

ಮೊದಲ ಸಲ ಜೋಡಿಸಿದಾಗ ವಿಮಾನವನ್ನು ವಾಲಿಸುವ ಕಡ್ಡಿಗೆ ಬಾಲ ಅಲ್ಲಾಡಬಹುದು, ಎಡಕ್ಕೆ ತಳ್ಳಿದರೆ ಬಲಕ್ಕೆ ಹೋಗಬಹುದು. ಗಾಬರಿ ಬೇಡ. ಸಾಲಿನಲ್ಲಿ ಯಾವ ಬಿಡುವು ಯಾವ ಕಡ್ಡಿಯದು ಎಂಬುದು ರಿಮೋಟಿನಿಂದ ರಿಮೋಟಿಗೆ ಬೇರೆ. ಒಂದೊಂದೇ ಕಡ್ಡಿ ಅಲ್ಲಾಡಿಸಿ, ಪರದೆಯಲ್ಲಿ ಏನು ಅಲುಗಿತು ನೋಡಿ, ಸಿಮ್ಯುಲೇಟರಿನ ಸೆಟ್ಟಿಂಗ್‌ನಲ್ಲಿ ಸರಿಪಡಿಸಿ.