ಭೂಸ್ವಾಧೀನ, ಕೋರ್ಟು ಮತ್ತು ತಡದ ಪ್ರಶ್ನೆ
(ಕೊಡಗಿನ ಕಾಫಿ ಬೆಳೆಗಾರರಿಗಾಗಿ ಮಾಡಿದ ಭಾಷಣ)



ತೋಟದ ನಡುವೆ ಸರ್ವೆ ಕಲ್ಲು ಬಿತ್ತೆಂದರೆ ಮನೆಯಲ್ಲಿ ಎರಡು ಮಾತು ಹುಟ್ಟುವುದುಂಟು. "ಸರ್ಕಾರದ ಕೆಲಸ, ಹತ್ತು ವರ್ಷ ಹಿಡಿಯುತ್ತದೆ, ಆಮೇಲೆ ನೋಡೋಣ" ಎಂಬುದು ಒಂದು. "ಕೋರ್ಟಿನಿಂದ ತಡೆಯಾಜ್ಞೆ ತಂದರೆ ವಾಯಿದೆ ಮೀರಿ ತಾನೇ ರದ್ದಾಗುತ್ತದೆ" ಎಂಬುದು ಇನ್ನೊಂದು. ಎರಡನ್ನೂ ನಂಬಿ ಕೆಟ್ಟವರಿದ್ದಾರೆ.

ಮೊದಲನೆಯದನ್ನು ನೋಡೋಣ. ದೆಹಲಿಯಲ್ಲಿ 1959ರಲ್ಲಿ ಹೊರಟ ಅಧಿಸೂಚನೆಯನ್ನು ಭೂಮಾಲೀಕರು ಹತ್ತು ವರ್ಷ ಮೀರಿದ ಮೇಲೆ ಪ್ರಶ್ನಿಸಿದರು. 1974ರಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ಸರ್ಕಾರ ಮುಂದುವರಿಯುವವರೆಗೆ ಸುಮ್ಮನಿದ್ದು, ಕೊನೆಯಲ್ಲಿ ಬುಡಕ್ಕೇ ಕೈಹಾಕುವುದು ಸಲ್ಲದೆಂದಿತು. ಕೋರ್ಟುಗಳು ಇಂದಿಗೂ ಇದೇ ಜಾಡಿನಲ್ಲಿವೆ. ಸ್ವಾಧೀನವನ್ನೇ ಪ್ರಶ್ನಿಸಬೇಕಾದರೆ ಅಧಿಸೂಚನೆಯ ಕಾಲದಲ್ಲೇ ಪ್ರಶ್ನಿಸಬೇಕು. 2014ರ ಜನವರಿ 1ರಿಂದ ಜಾರಿಗೆ ಬಂದ 2013ರ ಕಾಯ್ದೆಯಲ್ಲಿ ಆಕ್ಷೇಪಣೆಗೆ 60 ದಿನ ಅವಕಾಶವಿದೆ. ರಾಷ್ಟ್ರೀಯ ಹೆದ್ದಾರಿ ಕಾಯ್ದೆಯಲ್ಲಾದರೆ ಬರೀ 21 ದಿನ. ಆದುದರಿಂದ ನೋಟೀಸು ಯಾವ ಕಾಯ್ದೆಯಡಿ ಬಂದಿದೆ ಎಂಬುದನ್ನು ಅದೇ ದಿನ ಓದಿ ನೋಡತಕ್ಕದ್ದು.

ಎರಡನೆಯ ಮಾತಿನಲ್ಲಿ ಅರ್ಧ ಸತ್ಯವಿದೆ. 2013ರ ಕಾಯ್ದೆಯಂತೆ ಪ್ರಾಥಮಿಕ ಅಧಿಸೂಚನೆಯಾದ 12 ತಿಂಗಳೊಳಗೆ ಘೋಷಣೆ, ಘೋಷಣೆಯಾದ 12 ತಿಂಗಳೊಳಗೆ ಪರಿಹಾರದ ಐತೀರ್ಪು ಆಗಬೇಕು. ಆದರೆ ಘೋಷಣೆಯ ವಾಯಿದೆ ಎಣಿಸುವಾಗ ತಡೆಯಾಜ್ಞೆ ಇದ್ದ ಕಾಲವನ್ನು ಬಿಟ್ಟೇ ಎಣಿಸುತ್ತಾರೆ. ಹಳೆಯ 1894ರ ಕಾಯ್ದೆಯ ಪ್ರಕರಣಗಳ ಬಗ್ಗೆ 2020ರ ಮಾರ್ಚ್‌ನಲ್ಲಿ ಐವರು ನ್ಯಾಯಮೂರ್ತಿಗಳ ಪೀಠವೂ ಹಾಗೆಯೇ ಹೇಳಿತು: ಸ್ವಾಧೀನ ರದ್ದಾಗಬೇಕಾದರೆ ಭೂಮಿಯನ್ನೂ ವಶಕ್ಕೆ ಪಡೆದಿರಬಾರದು, ಹಣವನ್ನೂ ಕೊಟ್ಟಿರಬಾರದು, ಎರಡರಲ್ಲಿ ಒಂದು ಆಗಿದ್ದರೂ ರದ್ದಿಲ್ಲ. ಎಂದರೆ ರೈತ ತಾನೇ ತಂದ ತಡೆಯಿಂದ ವಾಯಿದೆ ಮೀರಿಸಿ ಗೆಲ್ಲುವಂತಿಲ್ಲ.

ನಮ್ಮ ರಾಜ್ಯದ್ದೇ ಉದಾಹರಣೆ ಬೇಕಾದರೆ ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆ ಇದೆ. ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯಡಿ ನಡೆದ ಆ ಸ್ವಾಧೀನಕ್ಕೆ ಹಳೆಯ ಕಾಯ್ದೆಯ ಎರಡು ವರ್ಷದ ವಾಯಿದೆ ಅನ್ವಯಿಸದೆಂದು 2011ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಅದೇ ಯೋಜನೆಗೆ 2003ರಲ್ಲಿ ಅಧಿಸೂಚನೆಯಾಗಿ, 2005ರಲ್ಲಿ ಕೆಲವರ ಜಮೀನು ಕೈಬಿಟ್ಟಿತ್ತು. ಅವರಿಗೆ ಐತೀರ್ಪು ಆದದ್ದು 2019ರ ಏಪ್ರಿಲ್ 22ರಂದು, ಅದೂ 2011ರ ದರದಲ್ಲಿ. 2025ರ ಜನವರಿ 2ರಂದು ಸುಪ್ರೀಂ ಕೋರ್ಟು 2019ರ ಮಾರುಕಟ್ಟೆ ಬೆಲೆಯನ್ನೇ ಕಟ್ಟಬೇಕೆಂದು ಆಜ್ಞೆ ಮಾಡಿತು. ನ್ಯಾಯ ಸಿಕ್ಕಿತು, ಸರಿ; ಆದರೆ ಸುಮಾರು ಇಪ್ಪತ್ತೆರಡು ವರ್ಷ ಕಳೆದಿತ್ತು.

ಒಂದು ಸಮಾಧಾನವುಂಟು. ಏನೂ ಕೊಡದೆ ಭೂಮಿ ತೆಗೆದುಕೊಂಡಿದ್ದರೆ ಪರಿಹಾರ ಕೇಳಲು ತಡವಾಯಿತೆಂಬ ನೆಪ ಸರ್ಕಾರಕ್ಕೆ ಸುಲಭವಾಗಿ ಸಿಗದು. ಹಿಮಾಚಲ ಪ್ರದೇಶದಲ್ಲಿ 1967–68ರಲ್ಲಿ ರಸ್ತೆಗೆ ಜಮೀನು ಕಳೆದುಕೊಂಡ, ಓದು ಬರಹ ಬಾರದ ವಿಧವೆಯೊಬ್ಬರು 2010ರಲ್ಲಿ ಕೋರ್ಟಿಗೆ ಹೋದರು. 2020ರಲ್ಲಿ ಅವರಿಗೆ ಪರಿಹಾರ ಕೊಡಲು ಸುಪ್ರೀಂ ಕೋರ್ಟು ಆಜ್ಞಾಪಿಸಿತು.

ಕೊಡಗಿನಲ್ಲಿ ತಡಕ್ಕೆ ಇನ್ನೊಂದು ಕಾರಣ ಪಹಣಿಯಲ್ಲೇ ಇದೆ. ಜಮ್ಮಾ ಬಾಣೆಯಲ್ಲಿ ಹಿಡುವಳಿದಾರರಿಗೆ ಪೂರ್ಣ ಒಡೆತನವಿಲ್ಲವೆಂದು 1993ರಲ್ಲಿ ಹೈಕೋರ್ಟಿನ ಪೂರ್ಣಪೀಠ ಹೇಳಿತು. ಈ ತೊಡಕನ್ನು ಬಿಡಿಸಲು 2011ರಲ್ಲಿ ಭೂಕಂದಾಯ ಕಾಯ್ದೆಗೆ ತಿದ್ದುಪಡಿಯಾಯಿತು. ಆದರೂ ತೀರಿಹೋದ ಪಟ್ಟೇದಾರರ ಹೆಸರಿನಲ್ಲೇ ಪಹಣಿ ಉಳಿದಿದ್ದರೆ, ಒಕ್ಕದೊಳಗೆ ಪಾಲಿನ ತಕರಾರಿದ್ದರೆ, ಹಣ ಕೈಗೆ ಬರುವುದಿಲ್ಲ. ತಕರಾರು ತೀರುವವರೆಗೆ ಪ್ರಾಧಿಕಾರದಲ್ಲಿ ಠೇವಣಿಯಾಗಿ ಕೂರುತ್ತದೆ. ಕಲ್ಲು ನೆಡುವ ಮುಂಚೆಯೇ ಅಣ್ಣತಮ್ಮಂದಿರು ಕೂತು ಖಾತೆ ಸರಿಮಾಡಿಸಿಕೊಳ್ಳುವುದು ಯಾವ ವಕೀಲರ ಫೀಸಿಗಿಂತಲೂ ಅಗ್ಗ.

ಇನ್ನು ತೋಟದ ವಿಚಾರ. ರಾಗಿ ಹೊಲ ಹೋದರೆ ಬೇರೆಡೆ ನಾಲ್ಕು ತಿಂಗಳಲ್ಲಿ ಪೈರು ಕಾಣಬಹುದು. ಕಾಫಿ ಹಾಗಲ್ಲ, ಅರೇಬಿಕಾ ಫಸಲಿಗೆ ಬರಲು ಮೂರು ನಾಲ್ಕು ವರ್ಷ ಬೇಕು, ರೋಬಸ್ಟಾಕ್ಕೆ ಅದಕ್ಕಿಂತ ಹೆಚ್ಚು. ಆದುದರಿಂದ ಗಿಡದ ಲೆಕ್ಕ ಪಕ್ಕಾ ಇರಬೇಕು. ಆರಡಿ ಅಂತರದ ಅರೇಬಿಕಾ ಎಕರೆಗೆ ಸುಮಾರು 1,210 ಗಿಡ; ಹತ್ತಡಿಯ ರೋಬಸ್ಟಾ ಸುಮಾರು 435. ಇದು ಕಾಗದದ ಲೆಕ್ಕ. ಜಂಟಿ ಅಳತೆಗೆ ಅಧಿಕಾರಿಗಳು ಬಂದಾಗ ಮನೆಯವರೊಬ್ಬರು ಜೊತೆಯಲ್ಲಿ ನಡೆದು ಗಿಡದ ವಯಸ್ಸು, ಮೆಣಸಿನ ಬಳ್ಳಿ, ನೆರಳಿನ ಮರ, ಬಾವಿ, ಕಣ ಎಲ್ಲವನ್ನೂ ಬರೆಸಿ, ಮಹಜರಿನ ನಕಲು ಪಡೆಯಬೇಕು. ಕ್ಯೂರಿಂಗ್ ವರ್ಕ್ಸಿನ ರಸೀದಿ, ವ್ಯಾಪಾರಿಗಳ ಬಿಲ್ಲು ಎಸೆಯಬೇಡಿ. ಬೆಳೆ, ಮರಗಳ ಬೆಲೆ ಕಟ್ಟಲು ಕೃಷಿ, ತೋಟಗಾರಿಕೆ ಬಲ್ಲವರ ನೆರವು ಪಡೆಯಲು ಕಾಯ್ದೆಯಲ್ಲಿ ಅವಕಾಶವಿದೆ. ಅದನ್ನು ಲಿಖಿತವಾಗಿ ಕೇಳಿ.

"ಹೇಗೂ ಹೋಗುವ ತೋಟ" ಎಂದು ಗೊಬ್ಬರ ನಿಲ್ಲಿಸುವುದು, ನೆರಳಿನ ಮರ ಕಡಿದು ಮಾರುವುದು ಬಹಳ ಕಡೆ ನಡೆಯುತ್ತದೆ. ನೆರಳು ಹೋದ ಅರೇಬಿಕಾಕ್ಕೆ ಕಾಂಡಕೊರಕ ಬಿದ್ದೇ ಬೀಳುತ್ತದೆ. ಆಮೇಲೆ ಯೋಜನೆ ಬೇರೆ ದಾರಿ ಹಿಡಿದರೆ ತೋಟವೂ ಇಲ್ಲ, ಪರಿಹಾರವೂ ಇಲ್ಲ.

ಹಣ ಪಡೆಯುವಾಗ ಮೊತ್ತ ಸಾಲದೆನಿಸಿದರೆ "ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ" ಎಂದು ಬರೆದೇ ಸಹಿ ಹಾಕಬೇಕು. ಹಾಗೆ ಬರೆಯದಿದ್ದರೆ ಹೆಚ್ಚಿನ ಪರಿಹಾರ ಕೇಳುವ ಹಕ್ಕು ಹೋಗುತ್ತದೆ. ಐತೀರ್ಪಿನ ದಿನ ಹಾಜರಿದ್ದವರು ಆರು ವಾರದೊಳಗೆ ಜಿಲ್ಲಾಧಿಕಾರಿಗೆ ಅರ್ಜಿ ಕೊಟ್ಟು, ಸ್ವೀಕೃತಿಯ ಮೊಹರು ಹಾಕಿಸಿಕೊಂಡು ಬರತಕ್ಕದ್ದು.