ಅಂಗೈ ಅಗಲದ ಧ್ವನಿವರ್ಧಕ: ಅಗ್ಗ ಯಾವುದು, ಬಾಳಿಕೆ ಯಾವುದು?

(ಮಲೆನಾಡಿನ ಪರಿಸರ ಕಾರ್ಯಕರ್ತರ ಶಿಬಿರದಲ್ಲಿ ನೀಡಿದ ಉಪನ್ಯಾಸದ ಬರಹ ರೂಪ)



ಮಲೆನಾಡಿನಲ್ಲಿ ಮನೆಯಿಂದ ಮನೆಗೆ ಒಂದು ಗುಡ್ಡದ ಅಂತರ. ಸಭೆ ಸೇರುವುದೆಂದರೆ ಶಾಲೆಯ ಜಗಲಿ, ದೇವಸ್ಥಾನದ ಅಂಗಳ ಅಥವಾ ಹಳ್ಳದ ದಂಡೆಯ ಮರದ ನೆರಳು. ಮುಂಗಾರು ಹಿಡಿಯಿತೆಂದರೆ ವಿದ್ಯುತ್ ದಿನಗಟ್ಟಲೆ ಇರುವುದಿಲ್ಲ. ಹಿಂದೆ ಇಂತಲ್ಲಿ ಹತ್ತು ಜನಕ್ಕೆ ಒಂದು ಮಾತು ಕೇಳಿಸಬೇಕಿದ್ದರೆ ಕಹಳೆಯಾಕಾರದ ಮೈಕು, ಅದಕ್ಕೊಂದು ಆಂಪ್ಲಿಫೈಯರ್, ಅದನ್ನು ನಡೆಸಲು ಕಾರಿನ ಬ್ಯಾಟರಿ, ಇವಿಷ್ಟನ್ನೂ ಹೊತ್ತು ತರಬೇಕಿತ್ತು. ಇಂದು ಆ ಕೆಲಸದ ಒಂದು ಪಾಲನ್ನು ಅಂಗೈಯಲ್ಲಿ ಹಿಡಿಯುವ ಬ್ಲೂಟೂತ್ ಸ್ಪೀಕರ್ ಮಾಡುತ್ತಿದೆ. ತಜ್ಞರ ಮಾತಿನ ಧ್ವನಿಮುದ್ರಣವನ್ನು ಸಂಘದ ಸದಸ್ಯರಿಗೆ ಕೇಳಿಸಲು, ಕಪ್ಪೆಗಳ ಕೂಗನ್ನು ಶಾಲೆಯ ಮಕ್ಕಳಿಗೆ ಪರಿಚಯಿಸಲು ಅದು ಸಾಕು. ಸಾವಿರ, ಎರಡು ಸಾವಿರ ರೂಪಾಯಿಗೆ ದೊರೆಯುವ ಈ ವಸ್ತುವನ್ನು ಕೊಳ್ಳುವ ಯೋಚನೆ ಇಂದು ಬಹುತೇಕ ಎಲ್ಲ ಸಂಘಗಳಲ್ಲಿಯೂ ಇದೆ.

ಆದರೆ ಇದೇ ಪೆಟ್ಟಿಗೆ ಎರಡು ಮೂರು ವರ್ಷಗಳಲ್ಲಿ ಮೂಕವಾಗಿ ಹಿತ್ತಿಲ ಕಸದ ರಾಶಿ ಸೇರುವುದನ್ನೂ ಕಾಣಬಹುದು. ಆದ್ದರಿಂದ ಕೇಳಬೇಕಾದ ಪ್ರಶ್ನೆ ‘ಬೆಲೆ ಎಷ್ಟು ಕಡಿಮೆ?’ ಎಂಬುದಲ್ಲ, ‘ಕೊಟ್ಟ ಬೆಲೆಗೆ ಎಷ್ಟು ವರ್ಷ ಬಾಳುತ್ತದೆ?’ ಎಂಬುದು.

ತಂತಿಯಿಲ್ಲದ ನಂಟು

ಸ್ವೀಡನ್ ದೇಶದ ಎರಿಕ್ಸನ್ ಕಂಪನಿಯ ತಂತ್ರಜ್ಞರು 1994ರಲ್ಲಿ ಆರಂಭಿಸಿದ ಕೆಲಸದ ಫಲ ಈ ತಂತ್ರಜ್ಞಾನ. 1998ರಲ್ಲಿ ಹಲವು ಕಂಪನಿಗಳು ಒಂದಾಗಿ ಅದನ್ನು ಎಲ್ಲರಿಗೂ ಸಮಾನವಾದ ಮಾನಕವನ್ನಾಗಿ ರೂಪಿಸಿದವು. ಹತ್ತನೆಯ ಶತಮಾನದ ಡೆನ್ಮಾರ್ಕಿನ ದೊರೆ ಹೆರಾಲ್ಡನಿಗೆ ‘ನೀಲಿಹಲ್ಲಿನವ’ ಎಂಬ ಅಡ್ಡಹೆಸರಿತ್ತು. ಬ್ಲೂಟೂತ್ ಎಂಬ ಹೆಸರು ಅಲ್ಲಿಂದ ಬಂದದ್ದು. ಇದಕ್ಕೆ ಅಂತರ್ಜಾಲ ಬೇಡ, ಮೊಬೈಲ್ ಗೋಪುರವೂ ಬೇಡ. ಫೋನಿನಲ್ಲಿ ಮೊದಲೇ ತುಂಬಿಟ್ಟುಕೊಂಡ ಧ್ವನಿಯನ್ನು ಸಿಗ್ನಲ್ ಸಿಗದ ಕಣಿವೆಯಲ್ಲಿಯೂ ಕೇಳಿಸಬಹುದು.

ಇದು ಬಳಸುವುದು 2.4 ಗಿಗಾಹರ್ಟ್ಸ್‌ನ ರೇಡಿಯೊ ಅಲೆಗಳನ್ನು. ಈ ಅಲೆಗಳನ್ನು ನೀರು ಹೀರಿಕೊಳ್ಳುತ್ತದೆ; ಮನುಷ್ಯನ ಮೈಯಲ್ಲಿರುವುದು ಬಹುಪಾಲು ನೀರೇ. ಸಾಮಾನ್ಯವಾಗಿ ಹತ್ತು ಮೀಟರಿನಷ್ಟು ದೂರ ನಡೆಯುವ ಸಂಪರ್ಕ, ಫೋನು ಸಭೆಯ ಹಿಂದೆ ಕುಳಿತವರ ಕಿಸೆಯಲ್ಲಿದ್ದರೆ ತುಂಡಾಗುವುದು ಇದರಿಂದಲೇ. ಫೋನನ್ನು ಸ್ಪೀಕರಿನ ಪಕ್ಕದ ಮೇಜಿನ ಮೇಲಿಟ್ಟರೆ ಅರ್ಧ ತೊಂದರೆ ನೀಗುತ್ತದೆ. ಮೆಮೊರಿ ಕಾರ್ಡ್ ಹಾಕುವ ಕಂಡಿ, ತಂತಿ ಜೋಡಿಸುವ ಕಿಂಡಿ ಮತ್ತು ಎಫ್‌ಎಂ ರೇಡಿಯೊ ಇರುವ ಸ್ಪೀಕರಾದರೆ ಫೋನಿನ ಚಾರ್ಜು ಮುಗಿದ ದಿನವೂ ಉಪಯೋಗಕ್ಕೆ ಬರುತ್ತದೆ.

ವ್ಯಾಟ್ ಎಂಬ ಮಾಯೆ

ಪೆಟ್ಟಿಗೆಯ ಮೇಲೆ ದೊಡ್ಡದಾಗಿ ಅಚ್ಚಾಗಿರುವುದು ವ್ಯಾಟ್‌ಗಳ ಲೆಕ್ಕ. ಹಿಂದೆ ‘ಪಿಎಂಪಿಒ’ ಎಂಬ ಹೆಸರಿನಲ್ಲಿ ನೂರು, ಸಾವಿರ ವ್ಯಾಟ್ ಎಂದು ಬರೆದು ಮಾರುತ್ತಿದ್ದುದು ಹಲವರಿಗೆ ನೆನಪಿರಬಹುದು. ಅದು ಕ್ಷಣಮಾತ್ರದ ಗರಿಷ್ಠ ಅಳತೆ. ನಂಬಬೇಕಾದದ್ದು ನಿರಂತರವಾಗಿ ಹೊರಡುವ ಶಕ್ತಿಯನ್ನು ಸೂಚಿಸುವ ‘ಆರ್‌ಎಂಎಸ್’ ಅಂಕಿಯನ್ನು ಮಾತ್ರ.

ಆ ಅಂಕಿಗೂ ಮಿತಿಯಿದೆ. ಶಕ್ತಿ ಇಮ್ಮಡಿಯಾದರೆ ಧ್ವನಿ ಏರುವುದು ಮೂರು ಡೆಸಿಬೆಲ್ ಮಾತ್ರ; ಕಿವಿಗೆ ಅದು ಅಲ್ಪ ವ್ಯತ್ಯಾಸ. ದನಿ ಇಮ್ಮಡಿಯಾಯಿತು ಎಂದು ಕಿವಿಗೆ ಅನ್ನಿಸಬೇಕಾದರೆ ಶಕ್ತಿ ಸುಮಾರು ಹತ್ತು ಪಟ್ಟು ಹೆಚ್ಚಬೇಕು. ಹೀಗಾಗಿ 5 ವ್ಯಾಟ್‌ನದಕ್ಕೂ 10 ವ್ಯಾಟ್‌ನದಕ್ಕೂ ಬೆಲೆಯಲ್ಲಿ ಕಾಣುವ ಅಂತರ ಕಿವಿಯಲ್ಲಿ ಕಾಣದು. ಇನ್ನೊಂದೆಡೆ, ಬಯಲಿನಲ್ಲಿ ದೂರ ಇಮ್ಮಡಿಯಾದಂತೆಲ್ಲ ಧ್ವನಿ ಆರು ಡೆಸಿಬೆಲ್‌ನಷ್ಟು ಇಳಿಯುತ್ತದೆ. ಒಂದು ಮೀಟರ್ ದೂರದಲ್ಲಿ 80 ಡೆಸಿಬೆಲ್ ಇದ್ದದ್ದು ಎಂಟು ಮೀಟರ್ ದೂರದಲ್ಲಿ 62ಕ್ಕೆ, ಹದಿನಾರು ಮೀಟರ್ ದೂರದಲ್ಲಿ 56ಕ್ಕೆ ಬರುತ್ತದೆ. ಮೂವತ್ತು ಜನ ಕುಳಿತ ಕೋಣೆಯಲ್ಲಿ ಗೋಡೆಗಳೂ ಧ್ವನಿಯನ್ನು ಮರಳಿಸುವುದರಿಂದ ಸಣ್ಣ ಸ್ಪೀಕರ್ ಸಾಕಾಗುತ್ತದೆ. ಇನ್ನೂರು ಜನ ಸೇರುವ ಬಯಲಿಗೆ ಎಷ್ಟು ಬೆಲೆಯ ಅಂಗೈ ಸ್ಪೀಕರ್ ತಂದರೂ ಸಾಲದು. ಅಂಥ ದಿನಕ್ಕೆ ದೊಡ್ಡ ಮೈಕನ್ನು ಬಾಡಿಗೆಗೆ ತರುವುದೇ ಜಾಣತನ.

ಎದೆಗೆ ಗುದ್ದುವ ‘ಬೇಸ್’ ಸದ್ದು ಇಂದಿನ ಜಾಹೀರಾತುಗಳ ಇನ್ನೊಂದು ಆಕರ್ಷಣೆ. ಸಭೆಯ ಕೆಲಸಕ್ಕೆ ಅದು ಬೇಕಿಲ್ಲ. ಹಳೆಯ ದೂರವಾಣಿ 300ರಿಂದ 3,400 ಹರ್ಟ್ಸ್‌ವರೆಗಿನ ಧ್ವನಿಯನ್ನಷ್ಟೇ ಸಾಗಿಸುತ್ತಿತ್ತು. ಅಷ್ಟರಲ್ಲಿಯೇ ಜನ ಮದುವೆಯನ್ನೂ ಮಾತಾಡಿದರು, ಅಡಿಕೆ ವ್ಯಾಪಾರವನ್ನೂ ಮಾಡಿದರು. ಅಂಗಡಿಗೆ ಹೋಗುವಾಗ ಹಾಡಿನ ಬದಲು ಯಾರಾದರೂ ಓದಿದ ಒಂದು ಪುಟದ ಧ್ವನಿಮುದ್ರಣವನ್ನು ಫೋನಿನಲ್ಲಿ ಒಯ್ಯಬೇಕು. ಧ್ವನಿಯನ್ನು ಮುಕ್ಕಾಲು ಭಾಗಕ್ಕೇರಿಸಿ ಹತ್ತು ಹೆಜ್ಜೆ ಹಿಂದೆ ಸರಿದು ನಿಂತು ಆಲಿಸಬೇಕು. ಸಕಾರ ಶಕಾರಗಳು, ತಕಾರ ಪಕಾರಗಳು ಬೇರೆ ಬೇರೆಯಾಗಿ ಕೇಳಿಸಿದರೆ ಆ ಸ್ಪೀಕರ್ ಮಾತಿಗೆ ಯೋಗ್ಯ. ಪಡಸಾಲೆಯಲ್ಲಿ ಮಾತಾಡಿದಂತೆ ಗುಂಯ್ಗುಟ್ಟಿದರೆ ಬಿಟ್ಟುಬಿಡಬೇಕು.

ಮಳೆಯ ಪರೀಕ್ಷೆ

ಮಲೆನಾಡಿನಲ್ಲಿ ನೀರಿನ ರಕ್ಷಣೆ ಅನಿವಾರ್ಯ. ಅದನ್ನು ‘ಐಪಿ’ ಎಂಬ ಅಕ್ಷರಗಳ ಮುಂದಿನ ಎರಡು ಅಂಕೆಗಳು ತಿಳಿಸುತ್ತವೆ. ಮೊದಲನೆಯದು ಧೂಳಿಗೆ, ಎರಡನೆಯದು ನೀರಿಗೆ. ಅಂಕೆಯ ಬದಲು ‘ಎಕ್ಸ್’ ಇದ್ದರೆ ಆ ಪರೀಕ್ಷೆಯ ಫಲವನ್ನು ಹೇಳಿಲ್ಲವೆಂದರ್ಥ. ಐಪಿಎಕ್ಸ್5 ಎಂದರೆ ಚಿಮ್ಮುವ ನೀರನ್ನು ತಡೆಯುತ್ತದೆ. ಐಪಿಎಕ್ಸ್7 ಎಂದರೆ ಒಂದು ಮೀಟರ್ ಆಳದ ನೀರಿನಲ್ಲಿ ಅರ್ಧ ಗಂಟೆ ಮುಳುಗಿದರೂ ಕೆಡುವುದಿಲ್ಲ. ಸಭೆಗೆ ಒಯ್ಯುವ ದಾರಿಯ ಮಳೆಗೆ ಐಪಿಎಕ್ಸ್5 ಸಾಕು. ಆದರೆ ಚಾರ್ಜಿನ ಕಿಂಡಿಯ ರಬ್ಬರ್ ಮುಚ್ಚಳ ಸಡಿಲವಾದರೆ ಈ ರಕ್ಷಣೆಯೇ ಇಲ್ಲವಾಗುತ್ತದೆ. ಒದ್ದೆಯಾದದ್ದನ್ನು ಪೂರ್ತಿ ಒಣಗಿಸದೆ ಚಾರ್ಜಿಗೆ ಹಾಕಲೇಬಾರದು.

ಪ್ರಾಣ ಇರುವುದು ಬ್ಯಾಟರಿಯಲ್ಲಿ

ಇಂತಹ ಸ್ಪೀಕರುಗಳು ಸಾಯುವುದು ಬಹುಮಟ್ಟಿಗೆ ಧ್ವನಿ ಕೆಟ್ಟು ಅಲ್ಲ, ಒಳಗಿನ ಲಿಥಿಯಂ ಬ್ಯಾಟರಿ ಸೋತು. ಸಾಮಾನ್ಯ ಲಿಥಿಯಂ ಕೋಶ 300ರಿಂದ 500 ಬಾರಿ ಪೂರ್ತಿ ತುಂಬಿ ಬರಿದಾಗುವ ಹೊತ್ತಿಗೆ ತನ್ನ ಸಾಮರ್ಥ್ಯದ ಐದರಲ್ಲೊಂದು ಪಾಲನ್ನು ಕಳೆದುಕೊಂಡಿರುತ್ತದೆ. ಪೆಟ್ಟಿಗೆಯ ಮೇಲಿನ ‘10 ಗಂಟೆ’ ಎಂಬುದು ಹದವಾದ ಧ್ವನಿಯಲ್ಲಿ ಅಳೆದದ್ದು. ಪೂರ್ಣ ಧ್ವನಿಯಲ್ಲಿ ಅದು ಅರ್ಧಕ್ಕಿಂತಲೂ ಇಳಿಯಬಹುದು. ಗಂಟೆಗಳ ಬದಲು ಬ್ಯಾಟರಿಯ ಗಾತ್ರವನ್ನು ನೋಡುವುದು ಮೇಲು. 1,200 ಮಿಲಿಆಂಪ್-ಅವರ್‌ನದಕ್ಕಿಂತ 2,400ರದ್ದು ಇಮ್ಮಡಿ ಶಕ್ತಿಯನ್ನು ಹಿಡಿದಿಡುತ್ತದೆ. ಅಷ್ಟೇ ಬಳಕೆಗೆ ಅದನ್ನು ಅರ್ಧದಷ್ಟು ಸಲ ಚಾರ್ಜು ಮಾಡಿದರೆ ಸಾಕಾಗುವುದರಿಂದ ಅದರ ಆಯುಷ್ಯವೂ ಹೆಚ್ಚು.

ಎಲ್ಲಕ್ಕಿಂತ ಮುಖ್ಯವಾದ ಪ್ರಶ್ನೆ, ಬ್ಯಾಟರಿಯನ್ನು ಬದಲಿಸಲು ಸಾಧ್ಯವೇ ಎಂಬುದು. ಹೊರಕವಚವನ್ನು ಸ್ಕ್ರೂಗಳಿಂದ ಬಿಗಿದಿದ್ದರೆ ಪೇಟೆಯ ರಿಪೇರಿಯವನು ಬಿಚ್ಚಿ, 18 ಮಿಲಿಮೀಟರ್ ದಪ್ಪ, 65 ಮಿಲಿಮೀಟರ್ ಉದ್ದದ ಸಾಮಾನ್ಯ ಕೋಶವಾಗಿದ್ದರೆ ಅದೇ ಬಗೆಯದನ್ನು ಕೂರಿಸಬಲ್ಲ. ಅಂಟು ಹಾಕಿ ಮುಚ್ಚಿದ್ದರೆ ಒಡೆಯದೆ ತೆರೆಯಲಾಗದು. ಒಂದು ಲೆಕ್ಕ ನೋಡಬಹುದು. 1,200 ರೂಪಾಯಿಯ ಅಂಟಿನ ಪೆಟ್ಟಿಗೆ ಎರಡು ವರ್ಷ ಬಂದರೆ ವರ್ಷಕ್ಕೆ ತಗಲಿದ್ದು 600 ರೂಪಾಯಿ. 2,000 ರೂಪಾಯಿಯ ಸ್ಕ್ರೂ ಪೆಟ್ಟಿಗೆಗೆ ನಡುವೆ ಒಮ್ಮೆ 300 ರೂಪಾಯಿಯ ಬ್ಯಾಟರಿ ಹಾಕಿಸಿ ಆರು ವರ್ಷ ನಡೆಸಿದರೆ ವರ್ಷಕ್ಕೆ ತಗಲಿದ್ದು 400ಕ್ಕೂ ಕಡಿಮೆ. ಅಗ್ಗವಾದದ್ದು ಯಾವುದೆಂದು ಬೇರೆ ಹೇಳಬೇಕಿಲ್ಲ.

ಯುರೋಪಿನ ಒಕ್ಕೂಟ 2023ರಲ್ಲಿ ಮಾಡಿದ ಬ್ಯಾಟರಿ ಕಾಯಿದೆಯ ಪ್ರಕಾರ, 2027ರ ಫೆಬ್ರವರಿ 18ರಿಂದ ಅಲ್ಲಿ ಮಾರುವ ಇಂತಹ ಸಾಧನಗಳ ಬ್ಯಾಟರಿಯನ್ನು, ಕೆಲವು ವಿನಾಯಿತಿಗಳನ್ನು ಬಿಟ್ಟರೆ, ಬಳಕೆದಾರರೇ ತೆಗೆದು ಬದಲಿಸುವಂತಿರಬೇಕು. ಭಾರತದ ಗ್ರಾಹಕ ವ್ಯವಹಾರಗಳ ಇಲಾಖೆ 2022ರಲ್ಲಿ ‘ದುರಸ್ತಿಯ ಹಕ್ಕು’ ಜಾಲತಾಣವನ್ನು ತೆರೆಯಿತು. ಆದರೆ ಅಂಗಡಿಯಲ್ಲಿ ಕೊಳ್ಳುವವರು ಕೇಳದ ಹೊರತು ಯಾವ ಕಾಯಿದೆಯೂ ಹಳ್ಳಿಯವರೆಗೆ ಬರಲಾರದು. ಸ್ಪೀಕರಿನ ಮೇಲೆ ಭಾರತೀಯ ಮಾನಕ ಸಂಸ್ಥೆಯ ಚಿಹ್ನೆಯೂ ‘ಆರ್’ ಅಕ್ಷರದಿಂದ ಆರಂಭವಾಗುವ ನೋಂದಣಿ ಸಂಖ್ಯೆಯೂ ಇದೆಯೇ ಎಂದೂ ನೋಡಬೇಕು. ತಲೆಹಾಳೆಯಿಲ್ಲದ ಮಾಲಿನಲ್ಲಿ ಎಂತಹ ಬ್ಯಾಟರಿ ಇದೆಯೆಂದು ಬಲ್ಲವರಿಲ್ಲ.

ಸತ್ತ ಮೇಲೆ ಎಲ್ಲಿಗೆ?

ವಿಶ್ವಸಂಸ್ಥೆಯ ಅಂಗಸಂಸ್ಥೆಗಳ 2024ರ ವರದಿಯಂತೆ 2022ರಲ್ಲಿ ಜಗತ್ತು ಹೊರಹಾಕಿದ ವಿದ್ಯುನ್ಮಾನ ಕಸ 620 ಲಕ್ಷ ಟನ್. ಅದರಲ್ಲಿ ಕ್ರಮಬದ್ಧವಾಗಿ ಸಂಗ್ರಹಗೊಂಡು ಮರುಬಳಕೆಯಾದದ್ದು ಕಾಲು ಭಾಗಕ್ಕಿಂತಲೂ ಕಡಿಮೆ. ಭಾರತದಲ್ಲಿ 2022ರ ಇ-ತ್ಯಾಜ್ಯ ನಿಯಮಗಳು ಮತ್ತು ಬ್ಯಾಟರಿ ತ್ಯಾಜ್ಯ ನಿಯಮಗಳು ಈ ಕಸದ ಹೊಣೆಯನ್ನು ತಯಾರಕರ ಮೇಲೆ ಹೊರಿಸಿವೆ. ಹಳ್ಳಿಗಳಲ್ಲಿ ಮಾತ್ರ ಅದು ಇಂದಿಗೂ ಬಚ್ಚಲೊಲೆಯ ಪಾಲಾಗುತ್ತಿದೆ, ಇಲ್ಲವೇ ಹಳ್ಳಕ್ಕೆ ಬೀಳುತ್ತಿದೆ. ಲಿಥಿಯಂ ಬ್ಯಾಟರಿಯನ್ನು ಬೆಂಕಿಗೆ ಹಾಕಿದರೆ ಸಿಡಿಯುತ್ತದೆ, ವಿಷಾನಿಲ ಉಗುಳುತ್ತದೆ. ಉಬ್ಬಿದ ಬ್ಯಾಟರಿಯನ್ನು ಚುಚ್ಚಬಾರದು, ಮತ್ತೆ ಚಾರ್ಜು ಮಾಡಬಾರದು. ಪ್ರತಿ ಸಂಘವೂ ಸತ್ತ ಸಾಧನಗಳಿಗೆಂದು ಒಂದು ಡಬ್ಬಿಯಿಟ್ಟು, ತುಂಬಿದಾಗ ಅಧಿಕೃತ ಸಂಗ್ರಾಹಕರಿಗೆ ತಲುಪಿಸುವ ಹೊಣೆ ಹೊರುವುದು ಅಗತ್ಯ.

ದನಿಗೂ ಒಂದು ಎಲ್ಲೆ

ಕೊನೆಯದಾಗಿ, ಸ್ಪೀಕರ್ ಕೈಗೆ ಬಂದ ಮೇಲಿನ ವಿವೇಕ. 2000ದ ಶಬ್ದಮಾಲಿನ್ಯ ನಿಯಮಗಳು ವಸತಿ ಪ್ರದೇಶಕ್ಕೆ ಹಗಲು 55, ರಾತ್ರಿ 45 ಡೆಸಿಬೆಲ್‌ಗಳ ಮಿತಿ ಹಾಕಿವೆ. ರಾತ್ರಿ ಎಂದರೆ ಹತ್ತರಿಂದ ಬೆಳಗಿನ ಆರರವರೆಗೆ. ಕಾಡಿನ ಜೀವಿಗಳಿಗೆ ಇಂತಹ ಫಲಕ ಓದಲು ಬಾರದು. ಮಳೆಗಾಲದ ಇರುಳಿನಲ್ಲಿ ಗಂಡುಕಪ್ಪೆ ಹೆಣ್ಣನ್ನು ಕರೆಯುವುದು ಕೂಗಿನಿಂದಲೇ. ನೆದರ್ಲ್ಯಾಂಡ್ಸ್‌ನ ಲೈಡನ್ ನಗರದಲ್ಲಿ ನಡೆದು 2003ರಲ್ಲಿ ಪ್ರಕಟವಾದ ಅಧ್ಯಯನವೊಂದು, ಗದ್ದಲದ ಬೀದಿಗಳಲ್ಲಿ ಗ್ರೇಟ್ ಟಿಟ್ ಎಂಬ ಪುಟ್ಟ ಹಕ್ಕಿಗಳು ಹೆಚ್ಚು ಏರುಶ್ರುತಿಯಲ್ಲಿ ಹಾಡುವುದನ್ನು ಗುರುತಿಸಿತು. ಜಲಪಾತದ ಬಂಡೆಯ ಮೇಲೆ ಅಬ್ಬರಿಸುವ ಪ್ರವಾಸಿಗರ ಪೆಟ್ಟಿಗೆಯಷ್ಟೇ ಅಪಾಯಕಾರಿ, ಛಾಯಾಚಿತ್ರಕ್ಕಾಗಿ ಹಕ್ಕಿಯ ಕೂಗನ್ನೇ ಅದಕ್ಕೆ ಕೇಳಿಸಿ ಕರೆಯುವ ಚಾಳಿ. ತನ್ನ ನೆಲೆಗೆ ವೈರಿ ನುಗ್ಗಿತೆಂದು ಭ್ರಮಿಸಿದ ಹಕ್ಕಿ, ಗೂಡು ಕಟ್ಟುವ ಕಾಲದಲ್ಲಿ ಮರಿಗಳನ್ನು ಬಿಟ್ಟು ಇಲ್ಲದ ಶತ್ರುವನ್ನು ಅರಸುತ್ತದೆ. ಪರಿಸರ ಸಂಘದ ಸ್ಪೀಕರ್ ಈ ಕೆಲಸಕ್ಕೆ ಎಂದಿಗೂ ಬಳಕೆಯಾಗಬಾರದು.

ಮಲೆನಾಡಿನ ಊರುಗಳಲ್ಲಿ ಮದುವೆಯ ದೊಡ್ಡ ಹಂಡೆ, ಕಡಾಯಿಗಳನ್ನು ಮನೆಗೊಂದರಂತೆ ಯಾರೂ ಕೊಳ್ಳುತ್ತಿರಲಿಲ್ಲ. ಊರಿಗೆ ಸೇರಿದ ಪಾತ್ರೆ ಎಲ್ಲರ ಮನೆಯ ಊಟಕ್ಕೂ ಬರುತ್ತಿತ್ತು. ಕಲಾಯಿ ಹೋದರೆ ಹಾಕಿಸಿ ಮತ್ತೆ ಬಳಸುತ್ತಿದ್ದರು. ಈ ಪುಟ್ಟ ಧ್ವನಿವರ್ಧಕಕ್ಕೂ ಅದೇ ಪದ್ಧತಿ ಒಪ್ಪುತ್ತದೆ. ನಾಲ್ಕು ಸಂಘಗಳು ಸೇರಿ ಒಂದನ್ನು ಕೊಳ್ಳಲಿ. ಮಾತು ಸ್ಪಷ್ಟವಾಗಿ ಕೇಳಿಸುವಂಥದ್ದನ್ನು, ಮಳೆ ತಡೆಯುವಂಥದ್ದನ್ನು, ಬಿಚ್ಚಿ ರಿಪೇರಿ ಮಾಡಬಲ್ಲಂಥದ್ದನ್ನು ಕೊಳ್ಳಲಿ. ಸಭೆ ಮುಗಿದ ಮೇಲೆ ಅದನ್ನು ಆರಿಸಿದಾಗ ಹಳ್ಳದ ಸದ್ದು ಮತ್ತೆ ಕೇಳಿಸುವಂತಿರಲಿ.