ಕದ್ದೊಯ್ದ ಮಕ್ಕಳ ಹಾಡುಗಾರ ಆರ್ಚಿ ರೋಚ್

ಚರಿತ್ರೆಗೆ ಆಧಾರ ಸರ್ಕಾರದ ಕಡತಗಳು ಎಂಬುದು ಸಾಮಾನ್ಯ ತಿಳಿವಳಿಕೆ. ಆದರೆ ಸರ್ಕಾರದ ಜನರೇ ಸುಳ್ಳು ಹೇಳಿದರೆ, ಅನ್ಯಾಯಕ್ಕೆ ಒಳಗಾದವನಿಗೆ ಅದರ ನೆನಪೇ ಇಲ್ಲದಿದ್ದರೆ, ಸತ್ಯ ಹೇಳುವವರು ಯಾರು? ಆಸ್ಟ್ರೇಲಿಯಾದಲ್ಲಿ ಆ ಕೆಲಸವನ್ನು ಒಂದು ಹಾಡು ಮಾಡಿತು. ಅದನ್ನು ಕಟ್ಟಿ ಹಾಡಿದವರು ಆರ್ಚಿ ರೋಚ್.

ಇಪ್ಪತ್ತನೆಯ ಶತಮಾನದ ಬಹುಭಾಗ ಅಲ್ಲಿನ ಸರ್ಕಾರಗಳು ಮೂಲನಿವಾಸಿಗಳ ಮಕ್ಕಳನ್ನು ಹೆತ್ತವರಿಂದ ಬೇರ್ಪಡಿಸಿ ಅನಾಥಾಲಯಗಳಿಗೆ, ಮಿಷನ್‌ಗಳಿಗೆ, ಬಿಳಿಯರ ಮನೆಗಳಿಗೆ ಸೇರಿಸುತ್ತಿದ್ದವು. ಇದೆಲ್ಲ ಮಕ್ಕಳ ಹಿತಕ್ಕಾಗಿ ಎಂಬುದು ಅವುಗಳ ಸಮರ್ಥನೆ. ಆ ಮಕ್ಕಳು ತಮ್ಮ ಕುಲ, ಭಾಷೆ ಮರೆತು ಬಿಳಿಯರ ಸಮಾಜದಲ್ಲಿ ಕರಗಿಹೋಗಲಿ ಎಂಬುದು ಇದರ ಹಿಂದಿದ್ದ ಉದ್ದೇಶ. ಇಂಥವರನ್ನೇ ಇಂದು 'ಕದ್ದೊಯ್ದ ತಲೆಮಾರುಗಳು' ಎಂದು ಕರೆಯುತ್ತಾರೆ.

ಆರ್ಚಿ ಹುಟ್ಟಿದ್ದು 1956ರಲ್ಲಿ, ವಿಕ್ಟೋರಿಯಾ ರಾಜ್ಯದ ಮುರೂಪ್ನಾದಲ್ಲಿ. ಅದೇ ರಾಜ್ಯದ ಫ್ರಾಮ್ಲಿಂಗ್‌ಹ್ಯಾಮ್ ಎಂಬ ಮೂಲನಿವಾಸಿಗಳ ನೆಲೆಯಿಂದ ಅವನನ್ನೂ ಅಕ್ಕಂದಿರನ್ನೂ ಅಧಿಕಾರಿಗಳು ಕರೆದೊಯ್ದಾಗ ಅವನದು ನೆನಪು ನಿಲ್ಲದಷ್ಟು ಎಳೆಯ ವಯಸ್ಸು. ಕೊನೆಗೆ ಅವನು ಮೆಲ್ಬರ್ನ್‌ನ ಕಾಕ್ಸ್ ದಂಪತಿಗಳ ಮನೆ ಸೇರಿದ. ಮಗುವಿನ ಕುಟುಂಬವೆಲ್ಲ ಬೆಂಕಿಗೆ ಆಹುತಿಯಾಯಿತೆಂದು ಆ ದಂಪತಿಗಳನ್ನು ನಂಬಿಸಲಾಗಿತ್ತು. ಅವರು ಒಳ್ಳೆಯ ಜನ. ಗಿಟಾರಿನ ಮೊದಲ ಪಾಠ ದೊರೆತದ್ದೂ ಆ ಮನೆಯಲ್ಲೇ.

ಹುಡುಗ ಹೈಸ್ಕೂಲಿನಲ್ಲಿದ್ದಾಗ ಒಂದು ಕಾಗದ ಬಂತು. ಬರೆದವಳು ಅವನ ಸ್ವಂತ ಅಕ್ಕ. ತಾಯಿ ಈಗಷ್ಟೇ ತೀರಿಕೊಂಡಳೆಂದು ಅದರಲ್ಲಿತ್ತು. ಅಂದರೆ, ಸತ್ತಳೆಂದು ಹೇಳಿದ್ದ ತಾಯಿ ಅಷ್ಟು ವರ್ಷವೂ ಬದುಕಿದ್ದಳು! ಆರ್ಚಿ ಮನೆ ಬಿಟ್ಟ. ಬೀದಿಯ ವಾಸ, ಕುಡಿತ, ಜೈಲು ಎಂದು ವರ್ಷಗಳು ಉರುಳಿದವು. ಅಡಿಲೇಡ್‌ನಲ್ಲಿ ಭೇಟಿಯಾದ ರೂಬಿ ಹಂಟರ್ ಕೂಡ ಹಾಗೆಯೇ ಕದ್ದೊಯ್ದ ಮಗು. ಇಬ್ಬರೂ ಬಾಳಸಂಗಾತಿಗಳಾದರು; ಹಾಡಿನಲ್ಲೂ ಜೊತೆಯಾದರು.

ನೀನು ಹೋದ ದಿನದ ಬಗ್ಗೆ ಹಾಡು ಕಟ್ಟು ಎಂದು ಫ್ರಾಮ್ಲಿಂಗ್‌ಹ್ಯಾಮ್‌ನ ಹಿರಿಯ ಬ್ಯಾಂಜೊ ಕ್ಲಾರ್ಕ್ ರೋಚ್ ಅವರಿಗೆ ಹೇಳಿದರು. ತಮಗೇನೂ ನೆನಪಿಲ್ಲ ಎಂದರು ರೋಚ್. ಹಿರಿಯರಿಗೆ ನೆನಪಿತ್ತು. ಹೀಗೆ ಊರಿನ ನೆನಪು ಒಬ್ಬನ ಹಾಡಾಯಿತು. ಅದೇ 'ಟುಕ್ ದ ಚಿಲ್ಡ್ರನ್ ಅವೇ'. ಬಿಳಿಯರ ನೆಲೆಗೆ ಇನ್ನೂರು ವರ್ಷ ತುಂಬಿತೆಂದು 1988ರಲ್ಲಿ ದೇಶ ಸಂಭ್ರಮಿಸಿದ ಕಾಲದ ಹಾಡು ಅದು.

ಖ್ಯಾತ ಗಾಯಕ ಪಾಲ್ ಕೆಲ್ಲಿ ತಮ್ಮ ಮೆಲ್ಬರ್ನ್ ಕಛೇರಿಯ ಆರಂಭದಲ್ಲಿ ಹಾಡಲು ರೋಚ್ ಅವರನ್ನು ಕರೆದರು. ಈ ಹಾಡು ಮುಗಿದಾಗ ಸಭೆಯಲ್ಲಿ ಒಂದು ಚಪ್ಪಾಳೆಯೂ ಇಲ್ಲ. ಜನಕ್ಕೆ ಹಿಡಿಸಲಿಲ್ಲವೆಂದುಕೊಂಡು ರೋಚ್ ವೇದಿಕೆಯಿಂದ ಹೊರಟರು. ಆಗ ಅಲ್ಲೊಂದು ಇಲ್ಲೊಂದು ಕೈತಟ್ಟಿ, ಕೊನೆಗೆ ಸಭಾಂಗಣವೆಲ್ಲ ಮೊರೆಯಿತು. 1990ರಲ್ಲಿ ಕೆಲ್ಲಿ ಮತ್ತು ಸ್ಟೀವ್ ಕಾನಲಿ ನಿರ್ಮಿಸಿದ 'ಚಾರ್ಕೋಲ್ ಲೇನ್' ಧ್ವನಿಸುರುಳಿಯಲ್ಲಿ ಹಾಡು ದೇಶಕ್ಕೆಲ್ಲ ಕೇಳಿಸಿತು.

ಅದಾಗಿ ಏಳು ವರ್ಷಕ್ಕೆ, 1997ರಲ್ಲಿ, ಅಧಿಕೃತ ವಿಚಾರಣೆಯ ವರದಿ ಬಂತು. 1910ರಿಂದ 1970ರವರೆಗೆ ಮೂಲನಿವಾಸಿ ಮಕ್ಕಳಲ್ಲಿ ಹತ್ತಕ್ಕೆ ಒಬ್ಬರಿಂದ ಮೂವರಿಗೆ ಒಬ್ಬರವರೆಗೆ ಹೀಗೆ ಕಿತ್ತೊಯ್ಯಲ್ಪಟ್ಟಿದ್ದರೆಂದು ಅದು ಅಂದಾಜು ಮಾಡಿತು. 2008ರ ಫೆಬ್ರುವರಿ 13ರಂದು ಪ್ರಧಾನಿ ಕೆವಿನ್ ರಡ್ ಸಂಸತ್ತಿನಲ್ಲಿ ಕ್ಷಮೆ ಕೇಳಿದರು. ಇಷ್ಟಕ್ಕೆಲ್ಲ ಹಾಡೊಂದೇ ಕಾರಣವಲ್ಲ. ಮೂಲನಿವಾಸಿಗಳ ದೀರ್ಘ ಹೋರಾಟವಿದೆ. ಆದರೆ ಅಂಕಿಅಂಶ ಬರುವ ಮೊದಲೇ, ಅದು ಒಂದು ಮನೆಯ ದುಃಖವೆಂದು ಜನರ ಮನಸ್ಸಿಗೆ ತಟ್ಟಿಸಿದ್ದು ಹಾಡು.

2010ರಲ್ಲಿ ರೂಬಿ ತೀರಿಕೊಂಡರು. ಅದೇ ವರ್ಷ ರೋಚ್‌ಗೆ ಪಾರ್ಶ್ವವಾಯು, ಮರುವರ್ಷ ಶ್ವಾಸಕೋಶದ ಕ್ಯಾನ್ಸರ್. ಆದರೂ 2012ರಲ್ಲಿ ಹೊಸ ಹಾಡುಗಳೊಂದಿಗೆ ಮರಳಿದರು. 2019ರಲ್ಲಿ ಆತ್ಮಕಥೆ ಬರೆದರು. 2022ರ ಜುಲೈ 30ರಂದು, 66ನೆಯ ವಯಸ್ಸಿನಲ್ಲಿ ನಿಧನರಾದರು.

ಮೂಲನಿವಾಸಿಗಳ ಅನೇಕ ಸಮುದಾಯಗಳಲ್ಲಿ ಸತ್ತವರ ಹೆಸರು ಹೇಳುವಂತಿಲ್ಲ, ಚಿತ್ರ ತೋರಿಸುವಂತಿಲ್ಲ. ರೋಚ್ ಅವರ ಕುಟುಂಬ ಎರಡಕ್ಕೂ ಒಪ್ಪಿಗೆ ಕೊಟ್ಟಿತು. ತಾಯಿಯ ಮಡಿಲಿನಿಂದ ಕಿತ್ತು, ಬೇರೆ ಮನೆತನದ ಮಗುವಾಗಿ ಬೆಳೆಸಿದ್ದ ಆರ್ಚಿಯ ಹೆಸರು ಹೀಗೆ ಎಲ್ಲರ ಬಾಯಲ್ಲಿ ಉಳಿಯಿತು. ಅವರ ಹಾಡೂ ಅಗಲಿಕೆಯಲ್ಲಿ ಮುಗಿಯುವುದಿಲ್ಲ; ಮಕ್ಕಳು ಮನೆಗೆ ಮರಳುವಲ್ಲಿ ಮುಗಿಯುತ್ತದೆ.